ಒರೆಸಿದ ಗಾಜಿನ ಹಿಂದೆ

"ಈಗ ಹೇಳಿ. ಕೆಳಗಿನ ಸಾಲು ಕಾಣುತ್ತಾ?"

"ಕಾಣುತ್ತೆ," ಎಂದಳು ಭೂತಗನ್ನಡಿ. "ಬೆಳಿಗ್ಗೆ ನಿಮ್ಮ ಮನೆ ಮೆಟ್ಟಿಲ ಕಿಟಕಿಯೂ ಕಂಡಿತು. ಗಾಜಿನ ಪಟ್ಟಿಗಳ ಮೇಲೆ ಬೆರಳಲ್ಲಿ ಹೆಸರು ಬರೀಬಹುದು, ಅಷ್ಟು ಧೂಳು. ಒಂದು ಪಟ್ಟಿ ಮಾತ್ರ ಫಳಫಳ."

ಕನ್ನಡಕದ ಅಂಗಡಿ ಯಜಮಾನರ ಕೈಯಲ್ಲಿದ್ದ ಲೆನ್ಸು ಗಾಳಿಯಲ್ಲೇ ನಿಂತಿತು.

ಆಕೆ ಪರೀಕ್ಷೆಯ ಕುರ್ಚಿಯಲ್ಲಿ ನೆಟ್ಟಗೆ ಕೂತಿದ್ದಳು. ಮೂಗಿನ ಮೇಲೆ ಭಾರದ ಚೌಕಟ್ಟು, ಒಂದು ಕಣ್ಣಿಗೆ ಕಪ್ಪು ಮುಚ್ಚಳ. ಇನ್ನೊಂದು ಕಣ್ಣು ಗೋಡೆಯ ಅಕ್ಷರಗಳನ್ನು ಬಿಟ್ಟು ಯಜಮಾನರ ಮುಖದ ಕಡೆ ಹೊರಳಿತ್ತು. ವಿಮಾ ಕಂಪನಿಯಲ್ಲಿ ಸುಳ್ಳು ಅರ್ಜಿಗಳನ್ನು ಪತ್ತೆ ಹಚ್ಚುತ್ತಲೇ ತಲೆ ನರೆತವಳು ಆಕೆ. ಜೊತೆಯವರು ಬೆನ್ನ ಹಿಂದೆ ಇಟ್ಟಿದ್ದ 'ಭೂತಗನ್ನಡಿ' ಎಂಬ ಅಡ್ಡಹೆಸರು ನಿವೃತ್ತಿಯ ದಿನ ಎದುರಿಗೇ ಬಂದು ನಿಂತಿತು, ಮತ್ತೆ ಬಿಟ್ಟುಹೋಗಲಿಲ್ಲ. ಈಗ ಖಾಸಗಿಯಾಗಿ ಪತ್ತೇದಾರಿಕೆ ಮಾಡುವಾಗಲೂ ಅದೇ ಹೆಸರೇ ಬೋರ್ಡಿನ ಕೆಲಸ ಮಾಡುತ್ತಿತ್ತು.

"ಗಾಜು ಒರೆಸೋದು ತಪ್ಪಾ ಮೇಡಂ? ನನ್ನ ಕಸುಬೇ ಅದು."

"ಎಲ್ಲಾ ಪಟ್ಟಿ ಒರೆಸಿದ್ರೆ ಶುಚಿ. ಒಂದೇ ಪಟ್ಟಿ ಒರೆಸಿದ್ರೆ ಅದಕ್ಕೊಂದು ಕಾರಣ ಇರುತ್ತೆ."

ಯಜಮಾನರು ಲೆನ್ಸನ್ನು ಪೆಟ್ಟಿಗೆಯಲ್ಲಿ ಅದರ ಗೂಡಿಗೆ ಸೇರಿಸಿದರು. "ನಿಮಗೆ ದೂರದ್ದು ಚೆನ್ನಾಗೇ ಕಾಣುತ್ತೆ. ಹತ್ತಿರದ್ದಕ್ಕೆ ಮಾತ್ರ ಕನ್ನಡಕ ಬೇಕು."

"ನಾನೂ ಹತ್ತಿರದ್ದೇ ಕೇಳ್ತಿರೋದು. ನಿಮ್ಮ ಪಕ್ಕದ್ಮನೆ ವಿಷಯ."

ಹಿತ್ತಲಲ್ಲಿ ಬಿದ್ದು ತಲೆ ಒಡೆದುಕೊಂಡ ಭೂಗೋಳದ ಟೀಚರಿಗಾಗಿ ಆಂಬುಲೆನ್ಸ್ ಕರೆಸಿ, ಹೆಸರು ಹೇಳದೆ ಫೋನ್ ಇಟ್ಟವರು ಯಾರು? ಭೂತಗನ್ನಡಿಯ ಕೈಗೆ ಬಂದಿದ್ದ ಪ್ರಕರಣ ಇಷ್ಟೇ.

ಇಷ್ಟೇ ಎನ್ನುವಷ್ಟು ಸುಲಭವಾಗಿರಲಿಲ್ಲ. ಆಸ್ಪತ್ರೆಯಿಂದ ಮನೆಗೆ ಬಂದ ಟೀಚರು ತಲೆಗೆ ಬಿಳಿ ಪಟ್ಟಿ ಸುತ್ತಿಕೊಂಡು, ಕೈಗೋಲು ಊರಿಕೊಂಡು, ಮೊದಲು ಮಾಡಿದ ಕೆಲಸವೇ ಭೂತಗನ್ನಡಿಗೆ ಹೇಳಿ ಕಳಿಸಿದ್ದು. "ಕಳ್ಳರನ್ನ ಹುಡುಕಿಕೊಡಿ ಅಂತ ನಿಮ್ಮ ಹತ್ರ ಬರೋರು ಬೇಕಾದಷ್ಟು ಜನ ಇದ್ದಾರೆ. ನನಗೆ ಒಬ್ಬರು ಪುಣ್ಯಾತ್ಮರನ್ನ ಹುಡುಕಿಕೊಡಿ," ಎಂದಿದ್ದರು. "ಇನ್ನು ಸ್ವಲ್ಪ ತಡ ಆಗಿದ್ರೆ ನಾವು ಕೈ ಚೆಲ್ಲಬೇಕಾಗ್ತಿತ್ತು ಅಂದ್ರು ಡಾಕ್ಟ್ರು. ಈ ಉಸಿರು ಯಾರದ್ದೋ ಕೊಡುಗೆ. ಕೊಟ್ಟೋರ ಮುಖ ನೋಡದೆ ಇಟ್ಟುಕೊಳ್ಳೋದು ಹೇಗೆ?"

ಆ ಮಾತು ಭೂತಗನ್ನಡಿಯ ಎದೆಯಲ್ಲಿ ಕೂತುಬಿಟ್ಟಿತು. ಜೀವಮಾನವೆಲ್ಲ ಆಕೆ ಹುಡುಕಿದ್ದು ತಪ್ಪು ಮಾಡಿ ಅವಿತವರನ್ನು. ಒಳ್ಳೆಯದು ಮಾಡಿ ಅವಿತವರು ಇರುತ್ತಾರೆಂದು ಆಕೆಗೆ ಯಾರೂ ಹೇಳಿರಲಿಲ್ಲ.

ಬೆಳಿಗ್ಗೆ ಆಕೆ ಆ ಹಿತ್ತಲನ್ನು ಮೂಲೆಮೂಲೆಯೂ ನೋಡಿ ಬಂದಿದ್ದಳು. ಮೂರು ಕಡೆ ಆಳೆತ್ತರದ ಗೋಡೆ, ಅದರಲ್ಲಿ ಗಲ್ಲಿಗೆ ತೆರೆಯುವ ಒಂದು ಪಕ್ಕದ ಬಾಗಿಲು, ನಾಲ್ಕನೆಯ ಕಡೆ ಮನೆ. ಬಟ್ಟೆ ಒಣಹಾಕುವ ತಂತಿ, ಒಗೆಯುವ ಕಲ್ಲು, ಅದರ ಪಕ್ಕದ ಚರಂಡಿ ಗುಂಡಿಗೆ ಮುಚ್ಚಿದ ಚಪ್ಪಡಿ. ಆ ಚಪ್ಪಡಿಯೇ ಮಗುಚಿ ಟೀಚರು ಬಿದ್ದದ್ದು. ಬಿದ್ದವರು ರಸ್ತೆಯಿಂದ ಕಾಣುವುದಿಲ್ಲ, ಗಲ್ಲಿಯಿಂದಲೂ ಕಾಣುವುದಿಲ್ಲ. ಹಿಂದುಗಡೆ ಇರುವುದು ಬೀಗ ಜಡಿದ ಕಾಗದದ ಗೋದಾಮು. ಎಡಗಡೆ ಮಹಡಿಯ ಬಾಡಿಗೆಯವರು ಆ ವಾರ ಪರಸ್ಥಳದಲ್ಲಿದ್ದರು.

ಆದರೂ ಯಾರೋ ನೋಡಿದ್ದರು. ಕರೆ ಮಾಡಿದವರ ಫೋನ್ ನಂಬರು ಕೊಡಲು ಆಂಬುಲೆನ್ಸ್ ಕಚೇರಿ ಒಪ್ಪಿರಲಿಲ್ಲ. ಡ್ರೈವರು ಮಾತ್ರ ತನಗೆ ಬಂದ ಸಂದೇಶವನ್ನು ನೆನಪಿಸಿಕೊಂಡು ಹೇಳಿದ್ದ: ಟೀಚರಮ್ಮ ಹಿತ್ತಲಲ್ಲಿ ಬಿದ್ದಿದ್ದಾರೆ, ತಲೆಗೆ ಏಟಾಗಿದೆ, ಪಕ್ಕದ ಬಾಗಿಲಿಗೆ ಒಳಗಿಂದ ಅಗುಳಿ ಇದೆ, ಗೋಡೆ ಹತ್ತಿ ಇಳೀಬೇಕು.

ಒಳಗಿನ ಅಗುಳಿ ಹೊರಗಿನವರಿಗೆ ಕಾಣಬೇಕಾದರೆ ಮೇಲಿನಿಂದಲೇ ಕಾಣಬೇಕು. ಉಳಿದದ್ದು ಬಲಗಡೆಯ ಮಹಡಿ ಮನೆ. ಕನ್ನಡಕದ ಯಜಮಾನರ ಮನೆ.

ಆ ಎರಡು ಮನೆಗಳ ನಡುವೆ ಮಾತು ನಿಂತು ಎರಡು ವರ್ಷವಾಗಿತ್ತು. ಯಜಮಾನರ ನೀರಿನ ಮೋಟಾರು ಕಳುವಾದಾಗ ಅವರು ಹಿಂಗೋಡೆಗೆ ಕಬ್ಬಿಣದ ತೋಳು ಬಡಿಸಿ ಒಂದು ಕ್ಯಾಮೆರಾ ಹಾಕಿಸಿದರು. ಅದು ಅವರ ಹಿತ್ತಲ ಜೊತೆಗೆ ಟೀಚರ ಹಿತ್ತಲನ್ನೂ, ಬಚ್ಚಲಿನ ಬಾಗಿಲನ್ನೂ, ತಂತಿಯ ಮೇಲಿನ ಬಟ್ಟೆಗಳನ್ನೂ ನುಂಗುತ್ತಿತ್ತು. "ನಿಮ್ಮನ್ನ ನೋಡೋಕೆ ಹಾಕಿದ್ದಲ್ಲ, ಕಳ್ಳರನ್ನ ನೋಡೋಕೆ," ಎಂದರು ಯಜಮಾನರು. "ಕಳ್ಳ ವರ್ಷಕ್ಕೊಂದು ಸಲ ಬರ್ತಾನೆ. ನಾನು ದಿನಾ ಇಲ್ಲೇ ಇರ್ತೀನಿ," ಎಂದರು ಟೀಚರು. ಮಾತಿಗೆ ಮಾತು ಬೆಳೆದು, ಬೀದಿ ಎರಡು ಪಕ್ಷವಾಗಿ, ಕೊನೆಗೆ ಪೊಲೀಸ್ ಠಾಣೆಯಲ್ಲಿ ರಾಜಿ ಆಯಿತು. ಕ್ಯಾಮೆರಾ ಇಳಿಯಿತು. ಖಾಲಿ ಕಬ್ಬಿಣದ ತೋಳು ಮಾತ್ರ ತುಕ್ಕು ಹಿಡಿಯುತ್ತ ಅಲ್ಲೇ ಉಳಿದಿತ್ತು.

ಬೆಳಿಗ್ಗೆ ಭೂತಗನ್ನಡಿ ಆ ತೋಳನ್ನು ನೋಡುತ್ತ ನಿಂತಿದ್ದಾಗಲೇ ಅದರ ಮೇಲಿನ ಮೆಟ್ಟಿಲ ಕಿಟಕಿಯಲ್ಲಿ ಒಂದು ಗಾಜು ಬಿಸಿಲಿಗೆ ಮಿಂಚಿದ್ದು.

ಯಜಮಾನರು ಅಂಗಡಿಯ ಬಾಗಿಲ ಕಡೆ ಒಮ್ಮೆ ನೋಡಿದರು. ಹೊರಗೆ ಗಿರಾಕಿಗಳಿರಲಿಲ್ಲ. ಗೋಡೆಯ ಉದ್ದಕ್ಕೂ ಕಣ್ಣಿಲ್ಲದ ಕನ್ನಡಕಗಳು ಸಾಲಾಗಿ ಕೂತು ಇಬ್ಬರನ್ನೂ ನೋಡುತ್ತಿದ್ದವು.

"ಯಾರು ಕಳಿಸಿದ್ರು ನಿಮ್ಮನ್ನ? ಠಾಣೆಯೋರಾ?"

"ಟೀಚರು."

"ಸರಿ. ನನ್ನ ಮಾನ ಬೀದಿಗೆ ತರೋಕೆ."

"ಅಲ್ಲ. ನಿಮಗೆ ಥ್ಯಾಂಕ್ಸ್ ಹೇಳೋಕೆ."

ಯಜಮಾನರು ಬೈಗುಳಕ್ಕೆ ಉತ್ತರ ಸಿದ್ಧ ಮಾಡಿಟ್ಟುಕೊಂಡಿದ್ದರು, ಇದಕ್ಕಲ್ಲ. ಗಿರಾಕಿಗಳ ಸ್ಟೂಲಿನ ಮೇಲೆ ಮೆಲ್ಲಗೆ ಕುಸಿದು ಕೂತರು.

ಭೂತಗನ್ನಡಿ ಚೌಕಟ್ಟನ್ನು ಮೂಗಿನಿಂದ ತೆಗೆದು ಮಡಿಲಲ್ಲಿಟ್ಟುಕೊಂಡಳು. "ನೋಡಿ, ನಾನು ನಿಮ್ಮನ್ನ ಹಿಡಿಯೋಕೆ ಬಂದಿಲ್ಲ. ಆಂಬುಲೆನ್ಸಿಗೆ ಫೋನ್ ಮಾಡಿದ್ದು ನಾನೇ ಅಂತ ನೀವು ಹೇಳಿದ್ರೆ, ಹೇಗೆ ನೋಡಿದ್ರಿ ಅಂತ ಕೇಳ್ತಾರೆ. ಆ ಒರೆಸಿದ ಗಾಜಿನ ಹಿಂದೆ ಮತ್ತೆ ಕ್ಯಾಮೆರಾ ಇಟ್ಟು ರಾಜಿ ಮುರಿದಿದ್ದು ಹೊರಗೆ ಬರುತ್ತೆ. ಅದಕ್ಕೇ ಬಾಯಿ ಮುಚ್ಚಿಕೊಂಡಿದ್ದೀರಿ. ನನಗೆ ಅರ್ಥ ಆಗುತ್ತೆ. ಆದ್ರೆ ಒಬ್ಬರ ಪ್ರಾಣ ಉಳಿಸಿ ಕಳ್ಳರ ಹಾಗೆ ತಲೆ ತಪ್ಪಿಸಿಕೊಂಡು ಓಡಾಡೋದು ಯಾವ ನ್ಯಾಯ?"

"ಅವತ್ತು ಸಂಜೆ ನಾನು ಅಂಗಡಿಯಲ್ಲೇ ಇದ್ದೆ ಮೇಡಂ."

"ಕ್ಯಾಮೆರಾ ಫೋನಲ್ಲೂ ಕಾಣುತ್ತಲ್ಲ."

"ನನ್ನ ಫೋನಲ್ಲಿ ಅದಿಲ್ಲ. ಹಾಕಿದ್ದು ನಾನು, ನಿಜ. ನೋಡೋಳು ನಾನಲ್ಲ." ಅವರು ಅಂಗೈಯಿಂದ ಮುಖ ಒರೆಸಿಕೊಂಡರು. "ನನ್ನ ಹೆಂಡತಿ."

ಆಮೇಲೆ ಹೇಳುತ್ತಾ ಹೋದರು. ಬೆನ್ನುಮೂಳೆಯ ಆಪರೇಷನ್ ಆದಮೇಲೆ ಆಕೆಗೆ ಸೊಂಟದ ಕೆಳಗೆ ಸ್ವಾಧೀನ ಬರಲೇ ಇಲ್ಲ. ಮಲಗಿದಲ್ಲೇ ಎಲ್ಲ. ಅದಕ್ಕೆ ಮುಂಚೆ ಸಂಜೆಯಾದರೆ ಗೋಡೆಯ ಈ ಕಡೆ ಅವಳು, ಆ ಕಡೆ ಟೀಚರು. ತಂತಿಯ ಬಟ್ಟೆ ತೆಗೆಯುವ ನೆಪದಲ್ಲಿ ಊರ ಸುದ್ದಿಯೆಲ್ಲ ಮಡಚಿ ಇಡುತ್ತಿದ್ದರು. ಒಡಹುಟ್ಟಿದವರೂ ಹಾಗಿರುವುದಿಲ್ಲ. ಕ್ಯಾಮೆರಾ ಜಗಳದಲ್ಲಿ ಅದು ಹರಿದುಹೋಯಿತು. ಅದರ ಬೆನ್ನಿಗೇ ಈ ಕಾಯಿಲೆ.

"ಊಟ ಬಿಟ್ಟಳು. ಮಾತು ಬಿಟ್ಟಳು. ಒಂದಿನ ಕೇಳಿದ್ಲು, ಅಕ್ಕ ಬಟ್ಟೆ ತೆಗೆಯೋದನ್ನ ಒಂದ್ಸಲ ನೋಡಬೇಕು ಅಂತ. ಏನ್ ಮಾಡ್ಲಿ? ತಪ್ಪು ಅಂತ ಗೊತ್ತಿತ್ತು. ಗೊತ್ತಿದ್ದೇ ಮಾಡಿದೆ. ಬಚ್ಚಲ ಕಡೆ ಕಾಣದ ಹಾಗೆ ಅರ್ಧಕ್ಕೆ ಕಪ್ಪು ಕಾಗದ ಅಂಟಿಸಿದೀನಿ. ಬೇಕಾದ್ರೆ ಬಂದು ನೋಡಿ."

ಭೂತಗನ್ನಡಿ ಕೇಳಿದಳು: "ಟೀಚರಿಗೆ ಈ ಕಾಯಿಲೆ ವಿಷಯ ಗೊತ್ತಾ?"

"ಆಪರೇಷನ್ ಆಗಿದ್ದು ಗೊತ್ತಿರಬಹುದು. ಏಳೋಕೇ ಆಗಲ್ಲ ಅನ್ನೋದು ಗೊತ್ತಿಲ್ಲ ಅನ್ಸುತ್ತೆ. ಆ ಮನೆ ಮಾತು ನನ್ನ ಹತ್ರ ಎತ್ತಬೇಡಿ ಅಂತ ಬೀದಿಗೆಲ್ಲ ಹೇಳಿದ್ರು ಅವರು. ಬಿಗುಮಾನ. ನಾವೇನು ಕಮ್ಮಿ ಇದ್ವಾ?"

"ನಿಮ್ಮ ಒಪ್ಪಿಗೆ ಇಲ್ಲದೆ ಅವರಿಗೆ ಹೇಳಲ್ಲ ನಾನು. ಹೇಳಲಾ?"

"ಹೇಳಿ," ಎಂದು ಯಜಮಾನರು ಎದ್ದು ಅಂಗಡಿಯ ದೀಪ ಆರಿಸಿದರು. ಹಾಡಹಗಲೇ ಶಟರ್ ಎಳೆದು ಬೀಗ ಹಾಕಿದರು.

ಭೂತಗನ್ನಡಿಯಿಂದ ವಿಷಯ ಕೇಳಿದ ಟೀಚರ ಮುಖದಲ್ಲಿ ಮೊದಲು ಬಂದದ್ದು ಕೋಪವೇ. ಮೂಗಿನ ಹೊಳ್ಳೆ ಅರಳಿದ್ದನ್ನು ಭೂತಗನ್ನಡಿ ಕಂಡಳು. ಆಮೇಲೆ ಅದು ಎಲ್ಲಿ ಕರಗಿತೋ.

"ಏಳೋಕೇ ಆಗಲ್ವಂತಾ?"

"ಆಗಲ್ವಂತೆ."

"ಗೋಡೆ ಹತ್ರ ಬರೋದು ಬಿಟ್ಟಿದ್ದಕ್ಕೆ, ಗಂಡನ ಕಡೆ ಸೇರಿಕೊಂಡಳು ಅಂದುಕೊಂಡಿದ್ದೆ ನಾನು." ಟೀಚರು ಕೈಗೋಲಿಗೆ ತಡಕಾಡಿದರು. "ನಡೀರಿ."

ಯಜಮಾನರ ಮನೆಯ ಒಳಕೋಣೆಯಲ್ಲಿ ಮಂಚವೊಂದು ಗೋಡೆಗೆ ಒತ್ತಿಕೊಂಡಿತ್ತು. ಔಷಧಿಯ ವಾಸನೆ, ಒಗೆದ ಹೊದಿಕೆಯ ವಾಸನೆ. ತಲೆದಿಂಬಿನ ಪಕ್ಕ ಪುಸ್ತಕಗಳನ್ನು ಪೇರಿಸಿ, ಅದಕ್ಕೊರಗಿಸಿ ಸ್ಲೇಟಿನಷ್ಟು ಅಗಲದ ಟ್ಯಾಬ್ ಇಟ್ಟಿದ್ದರು. ಬಾಗಿಲಲ್ಲಿ ಟೀಚರನ್ನು ಕಂಡೊಡನೆ ಮಂಚದ ಮೇಲಿನ ಹೆಂಗಸು ಅದನ್ನು ಹೊದಿಕೆಯೊಳಗೆ ತಳ್ಳಲು ನೋಡಿದಳು. ಪೇರಿಸಿದ ಪುಸ್ತಕಗಳು ಅಡ್ಡ ಬಂದವು.

ಟೀಚರು ಹೋಗಿ ಮಂಚದ ಅಂಚಿನಲ್ಲಿ ಕೂತರು. ಗೆಳತಿಯ ಸಣಕಲು ಕೈಯನ್ನು ನೋಡಿದರು. ಟ್ಯಾಬಿನ ಕಡೆ ನೋಡಿದರು. ಅಲ್ಲಿ ಅವರದೇ ಹಿತ್ತಲು, ಅವರದೇ ತಂತಿ, ಅದರ ಮೇಲೆ ಅವರು ಬೆಳಿಗ್ಗೆ ಹಾಕಿ ಬಂದ ಟವೆಲು.

"ದಿನಾ ನೋಡ್ತಿದ್ಯಾ?"

"ಸಂಜೆ ಮಾತ್ರ ಅಕ್ಕ. ನೀವು ಬಟ್ಟೆ ತೆಗೆಯೋವಾಗ. ನೀವು ಹಾಡು ಗುನುಗೋದು ಕೇಳ್ತಿತ್ತು." ಅವಳ ಕಣ್ಣಿನ ಕೊನೆಯಿಂದ ನೀರು ಕಿವಿಯ ಕಡೆ ಇಳಿಯಿತು. "ಬೈದುಬಿಡಿ. ಬೈದ್ರೆ ಸಮಾಧಾನ."

"ಬೈತೀನಿ. ನನ್ನನ್ನ ಕೇಳದೆ ನನ್ನ ಹಿತ್ತಲು ನೋಡಿದ್ದಕ್ಕೆ ನಿನ್ನನ್ನೂ ಬೈತೀನಿ, ನಿನ್ನ ಗಂಡನನ್ನೂ ಬೈತೀನಿ. ಆ ಕ್ಯಾಮೆರಾ ಇಳಿಸೋವರೆಗೂ ಬಿಡಲ್ಲ. ಅದೆಲ್ಲ ನಾಳೆಗೆ ಇರಲಿ." ಟೀಚರು ಗೆಳತಿಯ ಹಣೆಯ ಮೇಲಿನ ಕೂದಲು ಸರಿಸಿದರು. "ಹೇಳಿ ಕಳಿಸಿದ್ರೆ ನಾನೇ ಬಂದು ಕೂರ್ತಿರಲಿಲ್ವೇನೇ? ಇಷ್ಟು ದಿನ ಒಬ್ಬಳೇ ಬಿದ್ದುಕೊಂಡಿದ್ಯಲ್ಲ."

ಬಾಗಿಲ ಬಳಿ ನಿಂತಿದ್ದ ಯಜಮಾನರು ಕನ್ನಡಕ ತೆಗೆದು ಒರೆಸತೊಡಗಿದರು. ಒರೆಸುತ್ತಲೇ ಇದ್ದರು. ಭೂತಗನ್ನಡಿ ಕಿಟಕಿಯ ಕಡೆ ತಿರುಗಿದಳು. ಎಷ್ಟೋ ಮನೆಗಳಿಗೆ ಆಕೆ ವಿಚಾರಣೆಗೆಂದು ಹೋಗಿದ್ದಳು. ಹೋದಲ್ಲೆಲ್ಲ ಜನ ಮುಖ ಗಂಟಿಕ್ಕಿಕೊಂಡವರೇ. ತಾನು ಹೊಸಿಲು ದಾಟಿದ ಮೇಲೆ ಒಂದು ಮನೆ ಹೀಗೆ ಹಗುರಾಗುವುದನ್ನು ಆಕೆ ಕಂಡಿರಲಿಲ್ಲ. ಯಾರಿಗೆ ಎಂದು ಗೊತ್ತಿಲ್ಲದೆ ಮನಸ್ಸಿನಲ್ಲೇ ಒಂದು ನಮಸ್ಕಾರ ಹಾಕಿದಳು.

"ನಿನಗೆ ಕೈ ಮುಗಿಯೋಕೆ ಬಂದೆ," ಎನ್ನುತ್ತಿದ್ದರು ಟೀಚರು. "ಮಲಗಿದ ಕಡೆಯಿಂದಲೇ ನನ್ನ ಪ್ರಾಣ ಉಳಿಸಿದ್ಯಲ್ಲ."

ಮುಗಿಯಲು ಬಂದ ಆ ಕೈಗಳನ್ನು ಗೆಳತಿ ಹಿಡಿದು ಕೆಳಗಿಳಿಸಿದಳು.

"ಅಕ್ಕ, ಆ ಫೋನ್ ಮಾಡಿದ್ದು ನಾನಲ್ಲ."

ಭೂತಗನ್ನಡಿ ಕಿಟಕಿಯಿಂದ ಈಚೆ ತಿರುಗಿದಳು.

"ನೀವು ಬಿದ್ದದ್ದನ್ನ ನೋಡ್ದೆ. ಕೂಗಿಕೊಂಡೆ. ಮನೆಯಲ್ಲಿ ಯಾರೂ ಇರಲಿಲ್ಲ. ನನ್ನ ಫೋನ್ ಮಂಚದ ಕೆಳಗೆ ಬಿದ್ದುಹೋಯ್ತು, ಕೈಗೆ ಎಟುಕಲಿಲ್ಲ. ಇವರು ಬರೋವರೆಗೂ ಅತ್ತುಕೊಂಡೇ ಇದ್ದೆ. ಅಷ್ಟರಲ್ಲಿ ಅವರೆಲ್ಲ ಗೋಡೆ ಹತ್ತಿ ಬಂದು ನಿಮ್ಮನ್ನ ಎತ್ತಿಕೊಂಡು ಹೋಗಿದ್ರು. ನಾನು ಏನೂ ಮಾಡ್ಲಿಲ್ಲ ಅಕ್ಕ. ಸುಮ್ಮನೆ ನೋಡ್ದೆ ಅಷ್ಟೆ."

ಯಜಮಾನರು ಕನ್ನಡಕ ಮೂಗಿಗೇರಿಸಿದರು. "ನೀನಲ್ವಾ? ನಾನು ನೀನೇ ಅಂದುಕೊಂಡು ಇಷ್ಟು ದಿನ..."

"ನೀವು ಕೇಳಲಿಲ್ಲ. ಕೇಳಿದ್ರೆ ಹೇಳ್ತಿದ್ದೆ."

ಭೂತಗನ್ನಡಿ ಮಂಚದ ಹತ್ತಿರ ಬಂದಳು. "ಆ ಸಂಜೆಯದ್ದು ಇದರಲ್ಲಿ ಇನ್ನೂ ಇದೆಯಾ?"

"ಇದೆ. ಅಳಿಸೋಕೆ ಧೈರ್ಯ ಬರಲಿಲ್ಲ. ಇನ್ನೊಂದು ಸಲ ನೋಡೋಕೂ ಬರಲಿಲ್ಲ."

ಟ್ಯಾಬಿಗೆ ಕೈ ಚಾಚಿದ ಭೂತಗನ್ನಡಿ ಹಾಗೇ ತಡೆದು ಟೀಚರ ಕಡೆ ನೋಡಿದಳು. "ಇದು ನಿಮ್ಮ ಹಿತ್ತಲು. ನೋಡಬಹುದಾ?"

ಟೀಚರು ಆಕೆಯನ್ನೇ ದಿಟ್ಟಿಸಿದರು. "ಎರಡು ವರ್ಷದಿಂದ ಬೀದಿಯಲ್ಲಿ ಎಲ್ಲರೂ ಈ ವಿಷಯ ಮಾತಾಡಿದ್ರು. ಈ ಒಂದು ಮಾತನ್ನ ಕೇಳಿದೋರು ನೀವೇ ಮೊದಲು," ಎಂದರು. "ನಿಮಗೆ ಒಳ್ಳೇದಾಗ್ಲಿ. ಹಾಕಿ. ನನಗೂ ನೋಡಬೇಕು. ಬಿದ್ದ ಗಳಿಗೆಯ ಹಿಂದುಮುಂದು ನನಗೊಂದೂ ನೆನಪಿಲ್ಲ."

ನಾಲ್ಕು ತಲೆಗಳು ಆ ಪುಟ್ಟ ಬೆಳಕಿನ ಮೇಲೆ ಬಾಗಿದವು.

ಇಳಿಬಿಸಿಲು. ಅರ್ಧ ಭಾಗ ಕಪ್ಪು ಕಾಗದದ ನೆರಳು. ಯಜಮಾನರು ಹೇಳಿದ್ದು ನಿಜವಾಗಿತ್ತು. ತಂತಿಯಲ್ಲಿ ಬಿಳಿ ಹೊದಿಕೆಯೊಂದು ಗಾಳಿಗೆ ಉಬ್ಬಿ ಇಳಿಯುತ್ತಿತ್ತು. ಟೀಚರು ಕ್ಲಿಪ್ಪುಗಳನ್ನು ಒಂದೊಂದಾಗಿ ಕಿತ್ತು ಸೆರಗಿಗೆ ಹಾಕಿಕೊಳ್ಳುತ್ತಿದ್ದರು. ಗುನುಗು ಕೇಳಿಸಿತು. ಎಲ್ಲೋ ಕಾಗೆ ಕೂಗಿತು. ಟೀಚರು ಒಂದು ಅಂಗಿಯನ್ನು ಝಾಡಿಸಿ ಮಡಚಿ ಹೆಗಲ ಮೇಲೆ ಹಾಕಿಕೊಂಡರು.

ದೂರದಲ್ಲಿ ಒಂದು ಸೈರನ್ ಎದ್ದಿತು.

ಪರದೆಯ ಮೇಲಿನ ಟೀಚರು ಗುನುಗುವುದನ್ನು ನಿಲ್ಲಿಸಿದರು. ಸೈರನ್ ಹತ್ತಿರವಾಯಿತು. ಬೀದಿಯ ತಿರುವಿಗೆ ಬಂತು. ಅವರು ತಲೆಯೆತ್ತಿ ರಸ್ತೆಯ ಕಡೆ ಕಿವಿಗೊಟ್ಟರು. ಯಾರ ಮನೆಗೋ ಏನಾಯಿತೋ ಎನ್ನುವ ಹಾಗೆ ಕೈಯನ್ನು ಎದೆಯ ಮೇಲಿಟ್ಟುಕೊಂಡರು. ಗೋಡೆಯ ಆಚೆ ಏನಾದರೂ ಕಂಡೀತೆಂದು ಹಿಂದಕ್ಕೆ ಒಂದು ಹೆಜ್ಜೆ ಇಟ್ಟರು, ಇನ್ನೊಂದು ಇಟ್ಟರು. ಚಪ್ಪಡಿ ಮಗುಚಿತು. ಬೀಳುವಾಗ ಕೈಗೆ ಸಿಕ್ಕ ಹೊದಿಕೆಯೂ ಅವರ ಮೇಲೆ ಬಿತ್ತು.

ಅದೇ ಹೊತ್ತಿಗೆ ಸೈರನ್ ಅವರ ಮನೆಯ ಮುಂದೆ ನಿಂತಿತು.

ಭೂತಗನ್ನಡಿ ಹಿಂದಕ್ಕೆ ಸರಿಸಿ ಇನ್ನೊಮ್ಮೆ ಹಾಕಿದಳು. ಅದೇ ಗುನುಗು, ಅದೇ ಕಾಗೆ, ಅದೇ ಅಂಗಿ. ಅದೇ ಸೈರನ್. ಟೀಚರು ಇನ್ನೂ ಎರಡು ಕಾಲ ಮೇಲೆ ನಿಂತು ಬಟ್ಟೆ ಮಡಚುತ್ತಿರುವಾಗಲೇ ಅವರನ್ನು ಎತ್ತಿಕೊಂಡು ಹೋಗಲು ಗಾಡಿ ಹೊರಟು ಬಂದಿತ್ತು.

"ಬಿದ್ದಿದ್ದಾರೆ, ತಲೆಗೆ ಏಟಾಗಿದೆ," ಎಂದು ಮೆಲ್ಲಗೆ ಅಂದಳು ಭೂತಗನ್ನಡಿ. "ಡ್ರೈವರಿಗೆ ಬಂದ ಸಂದೇಶ ಇದು. ಆ ಫೋನ್ ಬಂದಾಗ ನೀವು ಹಾಡು ಹೇಳ್ತಾ ಇದ್ರಿ ಟೀಚರ್."

"ಹಾಗಂದ್ರೆ?" ಯಜಮಾನರು ಕೇಳಿದರು.

"ಆ ಚಪ್ಪಡಿಯನ್ನ ಯಾರೋ ಸಡಿಲ ಮಾಡಿಟ್ಟಿರಬೇಕು. ಅದು ಮಗುಚುತ್ತೆ ಅಂತ ಯಾರಿಗೋ ಮೊದಲೇ ಗೊತ್ತಿತ್ತು."

ಮಂಚದ ಮೇಲಿನ ಹೆಂಗಸು ಗೆಳತಿಯ ತೋಳನ್ನು ಎರಡು ಕೈಯಲ್ಲೂ ಬಿಗಿಯಾಗಿ ಹಿಡಿದುಕೊಂಡಳು. "ಇವತ್ತು ಆ ಮನೆಗೆ ಹೋಗಬೇಡಿ ಅಕ್ಕ. ಇಲ್ಲೇ ಇರಿ."

ಟೀಚರು ಆ ಕೈಗಳನ್ನು ಬಿಡಿಸಿಕೊಳ್ಳಲಿಲ್ಲ. ಪರದೆಯಲ್ಲಿ ಬಿಳಿ ಹೊದಿಕೆಯ ಕೆಳಗೆ ಅಲುಗಾಡದೆ ಬಿದ್ದಿದ್ದ ತಮ್ಮನ್ನು ತಾವೇ ನೋಡುತ್ತಿದ್ದರು. ಅವರು ಮಾತಾಡಿದಾಗ ದನಿಯಲ್ಲಿ ನಡುಕವಿರಲಿಲ್ಲ.

"ಬೀಳಿಸೋಕೆ ಹೊರಟೋರು ಬದುಕಿಸೋಕೂ ಯಾಕೆ ಹೊರಟ್ರು?"

"ಇಬ್ಬರೂ ಒಬ್ಬರೇ ಇರಬೇಕಂತ ಇಲ್ಲ," ಎಂದಳು ಭೂತಗನ್ನಡಿ. "ಒಬ್ಬರು ಮಾಡಿದ್ದು ಇನ್ನೊಬ್ಬರಿಗೆ ಗೊತ್ತಿದ್ರೂ ಸಾಕು."

"ಹಾಗಿದ್ರೆ ನನಗೆ ಇಬ್ಬರೂ ಬೇಕು," ಎಂದರು ಟೀಚರು. "ಥ್ಯಾಂಕ್ಸ್ ಹೇಳಬೇಕು ಅಂದಿದ್ದೆ, ಆ ಮಾತು ಹಿಂದಕ್ಕೆ ತಗೊಳ್ಳಲ್ಲ. ಫೋನ್ ಮಾಡಿದೋರು ಸಿಕ್ಕಿದ ದಿನ ಮೊದಲು ಕೈ ಮುಗೀತೀನಿ. ಆಮೇಲೆ ಒಂದೇ ಒಂದು ಪ್ರಶ್ನೆ ಕೇಳ್ತೀನಿ. ನನ್ನ ಮನೆಗೆ ನಾನು ಬೀಳೋಕೂ ಮುಂಚೆ ಗಾಡಿ ಕಳಿಸಿದ್ರಲ್ಲ, ಚಪ್ಪಡಿ ಮೇಲೆ ಕಾಲಿಡಬೇಡ ಅಂತ ನನಗೊಂದು ಮಾತು ಹೇಳೋಕೆ ಯಾರಿಗೆ ಹೆದರಿದ್ರಿ?"